ಓಡಿಹೋಗಬಾರದಿತ್ತೇ?

ಟಾಕೀಸಿನಲ್ಲಿ ಕೂತರೆ ನಡುವೆ ಎದ್ದು ಹೋಗಲು ಸಂಕೋಚ. ಪಕ್ಕದವರ ಕಾಲು ತುಳಿಯಬೇಕು, ದುಡ್ಡೂ ಕೊಟ್ಟಿರುತ್ತೇವೆ. ಮನೆಯಲ್ಲಿ ಹಾಗಲ್ಲ, ಸಂಕಟ ಹೆಚ್ಚಾಯಿತೆಂದರೆ ರಿಮೋಟಿನ ಗುಂಡಿ ಒತ್ತಿ ಕಾಫಿಗೆ ಏಳಬಹುದು. ‘ಟ್ವೆಲ್ವ್ ಇಯರ್ಸ್ ಎ ಸ್ಲೇವ್’ (2013) ಚಿತ್ರವನ್ನು ಯಲಹಂಕದ ನಮ್ಮ ಮನೆಯಲ್ಲಿ ನೋಡಿದಾಗ ಇಂಥ ಕಾಫಿ ವಿರಾಮಗಳು ನಾಲ್ಕಾದವು.

ನ್ಯೂಯಾರ್ಕ್ ಪ್ರಾಂತದಲ್ಲಿ ಹೆಂಡತಿ ಮಕ್ಕಳೊಡನೆ ಸ್ವತಂತ್ರನಾಗಿ ಬಾಳುತ್ತಿದ್ದ, ಪಿಟೀಲು ನುಡಿಸುತ್ತಿದ್ದ ಸಾಲೊಮನ್ ನಾರ್ತಪ್ ಎಂಬ ಕರಿಯನನ್ನು 1841ರಲ್ಲಿ ಅಪಹರಿಸಿ ಗುಲಾಮನನ್ನಾಗಿ ಮಾರಿದರು. ಅವನು ಬಿಡುಗಡೆ ಕಂಡದ್ದು 1853ರಲ್ಲಿ. ಚಿತ್ರದ ಒಂದು ದೃಶ್ಯವನ್ನು ನಿರ್ದೇಶಕ ಸ್ಟೀವ್ ಮೆಕ್ವೀನ್ ಬೇಕೆಂದೇ ಎಳೆದಿದ್ದಾರೆ. ಅವನ ಕುತ್ತಿಗೆಗೆ ಹಗ್ಗ ಬಿಗಿದಿದೆ, ಕಾಲ್ಬೆರಳ ತುದಿಯಷ್ಟೇ ಕೆಸರಿಗೆ ತಾಗುತ್ತಿದೆ. ಹಿಂದೆ ಉಳಿದ ಗುಲಾಮರು ತಂತಮ್ಮ ಕೆಲಸಕ್ಕೆ ತೊಡಗುತ್ತಾರೆ, ಮಕ್ಕಳು ಆಡುತ್ತವೆ. ಇದನ್ನು ಮುಂದಕ್ಕೋಡಿಸಿ ನೋಡಿದವರು ನೋಡಿಯೇ ಇಲ್ಲ ಎನ್ನಬೇಕು.

ಈ ಚಿತ್ರ ನೋಡಿದ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಕೇಳಿದ: “ಸಾರ್, ಅಷ್ಟು ಜನ ಇದ್ದರಲ್ಲ, ಓಡಿಹೋಗಬಾರದಿತ್ತೇ?” ಅಮೆರಿಕದ ಮಟ್ಟಿಗೆ ಉತ್ತರ ಸುಲಭ. ಬೇಟೆನಾಯಿಗಳಿದ್ದವು, ಬಂದೂಕಿತ್ತು, ಓಡಿಹೋದವರನ್ನು ಹಿಡಿದೊಪ್ಪಿಸಬೇಕೆಂಬ 1850ರ ಕಾಯ್ದೆಯೂ ಇತ್ತು. ಆದರೆ ನಮ್ಮ ಚೋಮ ಏಕೆ ಓಡಿಹೋಗಲಿಲ್ಲ?

ಶಿವರಾಮ ಕಾರಂತರ ‘ಚೋಮನ ದುಡಿ’ಯನ್ನು ಬಿ.ವಿ. ಕಾರಂತರು 1975ರಲ್ಲಿ ಚಿತ್ರ ಮಾಡಿದರು. ಸ್ವರ್ಣಕಮಲ ಬಂತು, ಚೋಮನಾದ ವಾಸುದೇವರಾಯರಿಗೆ ಶ್ರೇಷ್ಠ ನಟ ಪ್ರಶಸ್ತಿಯೂ ಬಂತು. ಚೋಮನ ಕಾಲಿಗೆ ಸರಪಳಿಯಿಲ್ಲ. ಅವನ ಬಳಿ ಎತ್ತುಗಳಿವೆ, ಉಳಲು ಅಂಗೈಯಗಲ ನೆಲವಿಲ್ಲ. ಕಾಫಿ ತೋಟದ ಸಾಲ ತೀರಿಸಲು ಮಕ್ಕಳು ಘಟ್ಟ ಹತ್ತುತ್ತಾರೆ. ಚನಿಯ ಜ್ವರಕ್ಕೆ ಬಲಿಯಾಗುತ್ತಾನೆ. ಆಮೇಲೆ ಮಗಳು ಬೆಳ್ಳಿ ಹೋಗುತ್ತಾಳೆ, ಅವಳಿಂದ ಸಾಲ ಹೇಗೆ ‘ತೀರಿತು’ ಎಂಬುದನ್ನು ಚಿತ್ರದಲ್ಲೇ ನೋಡಬೇಕು. ಪುಟ್ಟ ನೀಲ ನೀರಿನಲ್ಲಿ ಮುಳುಗುವಾಗ, ಮುಟ್ಟಿದರೆ ಮೈಲಿಗೆಯೆಂದು ದಡದವರು ಕೈಚಾಚುವುದಿಲ್ಲ. ಗುರುತ್ವಾಕರ್ಷಣೆ ಕಣ್ಣಿಗೆ ಕಾಣದಿದ್ದರೂ ಎಸೆದ ಕಲ್ಲನ್ನು ಕೆಳಗೆಳೆಯುತ್ತದೆ ಎಂದು ತರಗತಿಯಲ್ಲಿ ಹೇಳುತ್ತೇನಲ್ಲ, ಲೆಕ್ಕದ ಪುಸ್ತಕವೂ ಹಾಗೆಯೇ ಎಂದು ಆ ಹುಡುಗನಿಗೆ ಹೇಳಿದೆ. ಅಮೆರಿಕದ ಚಿತ್ರಕ್ಕೆ ಮರುಗಿದ ನಮ್ಮ ಮನೆಯವರು ಇದಕ್ಕೆ ಮೌನವಾದರು. ಅಲ್ಲಿ ದಡದಲ್ಲಿ ನಿಂತವರು ನಾವಲ್ಲ ನೋಡಿ!

ಅದೇ 1975ರ ಅಕ್ಟೋಬರಿನಲ್ಲಿ ಜೀತವನ್ನು ರದ್ದುಪಡಿಸುವ ಸುಗ್ರೀವಾಜ್ಞೆ ಬಂತು, 1976ರಲ್ಲಿ ಅದು ಕಾಯ್ದೆಯಾಯಿತು. ಇಷ್ಟಾದ ಮೇಲೂ 2000ನೇ ಇಸವಿಯಲ್ಲಿ ಶ್ರೀರಂಗಪಟ್ಟಣ ತಾಲೂಕಿನ ಹಂಗರಹಳ್ಳಿಯ ಕಲ್ಲು ಕ್ವಾರಿಯಲ್ಲಿ, ಮುಂಗಡ ಪಡೆದಿದ್ದ ಕೂಲಿಗಳು ಕಾಲಿಗೆ ಸರಪಳಿ ಹಾಕಿಸಿಕೊಂಡು ಕಲ್ಲು ಒಡೆಯುತ್ತಿದ್ದರು. ಸಿನಿಮಾದ ಸರಪಳಿಯಲ್ಲ, ಕಬ್ಬಿಣದ್ದು. ರೈತಸಂಘದವರು ಹೋಗಿ ಬಿಡಿಸಿದರು.

ಯಲಹಂಕದಿಂದ ದೇವನಹಳ್ಳಿಯವರೆಗೆ ಏಳುತ್ತಿರುವ ಕಟ್ಟಡಗಳಿಗೆ ಇಟ್ಟಿಗೆ ಎಲ್ಲಿಂದಲೋ ಬರಬೇಕಷ್ಟೆ. ಮುಂಗಡ ಪಡೆದ ಕಾರಣಕ್ಕೆ ಊರಿಗೆ ಹೋಗಲೂ ಬಿಡದೆ ದುಡಿಸಿಕೊಳ್ಳುತ್ತಿರುವ ಕುಟುಂಬ ಎಲ್ಲಾದರೂ ಕಣ್ಣಿಗೆ ಬಿದ್ದರೆ ತಹಶೀಲ್ದಾರರಿಗೋ ಜಿಲ್ಲಾಧಿಕಾರಿಗೋ ತಿಳಿಸಬಹುದು. ಕಾಯ್ದೆಯನ್ನು ಜಾರಿಗೊಳಿಸುವ ಹೊಣೆ ಅವರದು. “ಮೊದಲು ನನ್ನ ಸಾಲ ತೀರಿಸಲಿ” ಎಂದು ಮಾಲೀಕ ಹೇಳಿದರೆ ಆ ಮಾತು ನಡೆಯುವುದಿಲ್ಲ. ಜೀತದ ಸಾಲವನ್ನು ಕಾಯ್ದೆ ಎಂದೋ ತೊಡೆದುಹಾಕಿದೆ.