ಸಾವಿಲ್ಲದ ಊರಿನಲ್ಲೊಂದು ಸ್ಮಶಾನ

ಕನಸಿನ ನಗರಗಳನ್ನು ಮೆಚ್ಚುವವರು ಅವುಗಳ ಒಂದು ಗುಣವನ್ನು ತಪ್ಪದೆ ಎತ್ತಿ ಹೇಳುತ್ತಾರೆ: ಅಲ್ಲಿ ಕಾಲ ನಡೆಯುವುದಿಲ್ಲ. ಅಮೆರಿಕದ ಕಥೆಗಾರ ಎಚ್.ಪಿ. ಲವ್‌ಕ್ರಾಫ್ಟ್ 1920ರಲ್ಲಿ ಬರೆದ ‘ಸೆಲೆಫೈಸ್’ ಕಥೆಯನ್ನು ಇದಕ್ಕೆ ಸಾಕ್ಷಿಯಾಗಿ ತರುವುದುಂಟು. ಕಥೆ ನನಗೂ ಇಷ್ಟವೇ. ಅದರಿಂದ ಹೊರಡಿಸುವ ತೀರ್ಮಾನಕ್ಕೆ ಮಾತ್ರ ನನ್ನ ಒಪ್ಪಿಗೆಯಿಲ್ಲ.

ಲಂಡನ್ನಿನಲ್ಲಿ ಆಸ್ತಿ ಕಳೆದುಕೊಂಡು ಒಂಟಿಯಾಗಿರುವವನೊಬ್ಬ, ತನ್ನ ಮನೆತನದ ಕೊನೆಯ ಕುಡಿ, ಚಿಕ್ಕವನಿದ್ದಾಗ ಕನಸಿನಲ್ಲಿ ಕಂಡ ನಗರಕ್ಕೆ ನಲವತ್ತು ವರ್ಷಗಳ ಮೇಲೆ ಮತ್ತೆ ಹೋಗುತ್ತಾನೆ. ಕನಸಿನಲ್ಲಿ ಅವನ ಹೆಸರು ಕುರಾನೆಸ್. ಕಂಚಿನ ಪ್ರತಿಮೆಗಳಿಗೆ ಕಿಲುಬು ಹಿಡಿದಿಲ್ಲ. ಹಡಗಿನ ನಾಯಕ ಅಥಿಬ್ ಅಂದು ಕುಳಿತಿದ್ದ ಸಾಂಬಾರ ಪದಾರ್ಥದ ಪೆಟ್ಟಿಗೆಯ ಮೇಲೆಯೇ ಇಂದೂ ಕುಳಿತಿದ್ದಾನೆ, ನಡುವೆ ಕಾಲ ಸರಿದದ್ದು ಅವನಿಗೆ ತಿಳಿದೇ ಇಲ್ಲ. ಮೆಚ್ಚುವವರು ಇಲ್ಲಿ ನಿಂತು ತಲೆದೂಗುತ್ತಾರೆ. ನನಗೆ ಇಲ್ಲಿಯೇ ಅನುಮಾನ ಹುಟ್ಟುತ್ತದೆ. ಬಹಳ ವರ್ಷಗಳ ಮೇಲೆ ಊರಿಗೆ ಹೋದರೆ ಜಗಲಿಯ ಮೇಲಿನ ಅಜ್ಜಿ ಕಣ್ಣು ಕಿರಿದು ಮಾಡಿ, “ಎಷ್ಟು ಸೊರಗಿದೀಯಲ್ಲೋ ಮಗಾ, ಕೂದಲೆಲ್ಲ ನೆರೆತುಹೋಯ್ತಲ್ಲ” ಎನ್ನುತ್ತಾಳೆ. ಬರಮಾಡಿಕೊಳ್ಳುವುದೆಂದರೆ ಅದು. ಅಥಿಬ್ ಅಗಲಿಕೆಯನ್ನೇ ಅರಿಯದವನು. ಬಂದವನನ್ನು ಕಂಡು ಅವನು ಹಿಗ್ಗುವುದಾದರೂ ಹೇಗೆ?

ಕನಸಿನಲ್ಲಿ ಕಾಲಕ್ಕೆ ಲೆಕ್ಕವಿಲ್ಲ ಎಂಬ ನಂಬಿಕೆಯೂ ನಾವು ತಿಳಿದಷ್ಟು ಗಟ್ಟಿಯಲ್ಲ. ಹತ್ತೊಂಬತ್ತನೆಯ ಶತಮಾನದ ಫ್ರೆಂಚ್ ವಿದ್ವಾಂಸ ಆಲ್ಫ್ರೆಡ್ ಮೋರಿ ಹೇಳಿದ ಒಂದು ಕನಸು ಆ ನಂಬಿಕೆಗೆ ಬಹಳ ಬಲ ಕೊಟ್ಟಿತು. ಫ್ರೆಂಚ್ ಕ್ರಾಂತಿಯ ನ್ಯಾಯಮಂಡಳಿಯ ಮುಂದೆ ವಿಚಾರಣೆ, ಶಿಕ್ಷೆ, ಕೊನೆಗೆ ಗಿಲೊಟಿನ್ನಿನ ಅಲಗು. ಎಚ್ಚರಾಗಿ ನೋಡಿದರೆ ಮಂಚದ ಪಟ್ಟಿ ಕಳಚಿ ಕತ್ತಿನ ಮೇಲೆ ಬಿದ್ದಿತ್ತು. ಅಷ್ಟುದ್ದದ ಕನಸೆಲ್ಲ ಆ ಒಂದು ಕ್ಷಣದಲ್ಲಿ ಆಗಿಹೋಯಿತೆಂದು ಜನ ನಂಬಿದರು. 1950ರ ದಶಕದಲ್ಲಿ ವಿಲಿಯಂ ಡಿಮೆಂಟ್ ಮತ್ತು ನಥಾನಿಯಲ್ ಕ್ಲೈಟ್‌ಮನ್ ಷಿಕಾಗೋದಲ್ಲಿ ಇದನ್ನು ಒರೆಗೆ ಹಚ್ಚಿದರು. ಕಣ್ಣುಗುಡ್ಡೆ ಚಲಿಸುವ ನಿದ್ರೆ ಶುರುವಾಗಿ ಐದು ನಿಮಿಷಕ್ಕೋ ಹದಿನೈದು ನಿಮಿಷಕ್ಕೋ ಮಲಗಿದವರನ್ನು ಎಬ್ಬಿಸಿ, ಕನಸು ಎಷ್ಟು ಹೊತ್ತು ನಡೆಯಿತೆಂದು ಕೇಳಿದರು. ಬಹುಪಾಲು ಸಲ ಉತ್ತರ ಸರಿಯಾಗಿತ್ತು. ನಿದ್ರೆಯಲ್ಲೂ ನಮ್ಮೊಳಗೆ ಯಾರೋ ಹೊತ್ತು ಎಣಿಸುತ್ತಲೇ ಇರುತ್ತಾರೆ.

ನಮ್ಮ ಯೋಗವಾಸಿಷ್ಠ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದೆ. ಲವಣ ರಾಜ ಐಂದ್ರಜಾಲಿಕನ ಮಾಯೆಗೆ ಸಿಕ್ಕಿ ಕೆಲವೇ ಗಳಿಗೆ ಸಿಂಹಾಸನದ ಮೇಲೆ ಮೈಮರೆತಿರುತ್ತಾನೆ. ಆ ಹೊತ್ತಿನಲ್ಲಿ ಅವನು ಚಂಡಾಲರ ಹಟ್ಟಿಯಲ್ಲಿ ಹಸಿದು ಅನ್ನಕ್ಕಾಗಿ ಮದುವೆಯಾಗಿ, ಮಕ್ಕಳನ್ನು ಹೆತ್ತು, ಮುದುಕನಾಗಿ, ಬರಗಾಲದಲ್ಲಿ ಎಲ್ಲವನ್ನೂ ಕಳೆದುಕೊಳ್ಳುತ್ತಾನೆ. ಇಲ್ಲಿ ಭ್ರಮೆಯ ಲೋಕದಲ್ಲಿ ಅರಮನೆಗಿಂತ ಹೆಚ್ಚು ಕಾಲವಿದೆ. ಎಚ್ಚೆತ್ತ ರಾಜ ಮರುದಿನ ಹುಡುಕಿಕೊಂಡು ಹೊರಡುವುದೂ ವೈಭವದ ನಗರವನ್ನಲ್ಲ, ತಾನು ನರಳಿದ ಅದೇ ಹಟ್ಟಿಯನ್ನು.

ಸಾವಿನ ಭಯ ಇರುವಷ್ಟು ದಿನ ಕಾಲವಿಲ್ಲದ ಊರಿನ ಆಸೆ ಇದ್ದೇ ಇರುತ್ತದೆ, ಅದನ್ನು ಹಳಿಯುವುದು ಸಲ್ಲದು ಎಂದು ಯಾರಾದರೂ ಹೇಳಬಹುದು. ಹಳಿಯುತ್ತಿಲ್ಲ. ಆಸೆ ಈಡೇರಿದ ಮೇಲೆ ಏನಾಯಿತೆಂಬುದನ್ನು ಲವ್‌ಕ್ರಾಫ್ಟನೇ ಬರೆದಿಟ್ಟಿದ್ದಾನೆ, ಅದನ್ನೂ ಓದೋಣ ಎನ್ನುತ್ತಿದ್ದೇನೆ. ಮೊದಲ ಕಥೆಯ ಕೊನೆಯಲ್ಲಿ ಕುರಾನೆಸ್ ರಾಜನಾಗುತ್ತಾನೆ. ಇತ್ತ ಎಚ್ಚರದ ಲೋಕದಲ್ಲಿ ಸಮುದ್ರದ ಅಲೆಗಳು ಅಲೆಮಾರಿಯಾಗಿ ಸತ್ತ ಅವನ ಹೆಣವನ್ನು ದಡದ ಬಂಡೆಗಳ ಬುಡದಲ್ಲಿ ಹೊರಳಾಡಿಸುತ್ತವೆ, ಅವನ ಹಿರಿಯರ ಮನೆಯಲ್ಲಿ ಒಬ್ಬ ಕೋಟ್ಯಧಿಪತಿ ಮದ್ಯ ತಯಾರಕ ಠೀವಿಯಿಂದ ಕುಳಿತಿರುತ್ತಾನೆ. (ಆ ಕೋಟ್ಯಧಿಪತಿಯ ಮೇಲೆ ಲೇಖಕನಿಗಿರುವ ಸಿಟ್ಟು ಕಾಲಾತೀತವೇನಲ್ಲ, ಅಪ್ಪಟ ಜಮೀನುದಾರಿ ಸಿಟ್ಟು.) ಕೆಲವು ವರ್ಷಗಳ ನಂತರ ಬರೆದ ‘ದಿ ಡ್ರೀಮ್ ಕ್ವೆಸ್ಟ್ ಆಫ್ ಅನ್‌ನೋನ್ ಕಡಾತ್’ ಎಂಬ ನೀಳ್ಗತೆಯಲ್ಲಿ ಈ ರಾಜ ಮತ್ತೆ ಬರುತ್ತಾನೆ. ಎಪ್ಪತ್ತು ಸುಖಗಳ ಅರಮನೆ ಅವನಿಗೆ ಬೇಸರ ತಂದಿದೆ. ನಗರದ ಹೊರಗೆ ಇಂಗ್ಲೆಂಡಿನ ಮಾದರಿಯ ಮನೆ ಕಟ್ಟಿಸಿಕೊಂಡಿದ್ದಾನೆ. ಪಕ್ಕದಲ್ಲಿ ಕಾರ್ನ್‌ವಾಲ್ ಕರಾವಳಿಯಂಥದೇ ಮೀನುಗಾರರ ಹಳ್ಳಿ. ಅಲ್ಲಿನವರಿಗೆ ಕಾರ್ನ್‌ವಾಲಿನ ಮಾತಿನ ಧಾಟಿಯನ್ನೂ ಕಲಿಸಿದ್ದಾನೆ. ಕಿಟಕಿಯಿಂದ ಕಾಣುವಂತೆ ಒಂದು ಹಳೆಯ ಕಾಲದ ಚರ್ಚಿನ ಗೋಪುರ, ಅದರ ಸುತ್ತ ಹಿರಿಯರ ಹೆಸರು ಕೆತ್ತಿಸಿದ ಗೋರಿಕಲ್ಲುಗಳು.

ಸಾವು ಬಾರದ ಊರಿನಲ್ಲಿ ರಾಜ ತಾನಾಗಿ ಸ್ಮಶಾನ ಮಾಡಿಸಿಕೊಂಡಿದ್ದಾನೆ! ಬಾಲ್ಯದ ಒಂದೇ ಒಂದು ದಿನ ಸಿಗುವುದಾದರೆ ಇಡೀ ರಾಜ್ಯವನ್ನು ಕೊಟ್ಟುಬಿಡಲು ಅವನು ಸಿದ್ಧ. ಆದರೆ ದೇಹ ಅಳಿದಿದೆ, ಮರಳುವ ದಾರಿಯಿಲ್ಲ. ಅವನು ಬಯಸಿದ್ದು ಕಾಲದಿಂದ ಬಿಡುಗಡೆಯನ್ನಲ್ಲ, ಒಂದು ನಿರ್ದಿಷ್ಟ ಕಾಲವನ್ನು. ನನ್ನ ತಕರಾರೆಲ್ಲ ಇಷ್ಟೇ.

ಈ ನೀಳ್ಗತೆಗೆ ಲೇಖಕ ಕೈ ಹಾಕಿದ್ದು ಯಾವಾಗ ಎಂಬುದನ್ನೂ ಗಮನಿಸಬೇಕು. 1924ರಿಂದ ಎರಡು ವರ್ಷ ನ್ಯೂಯಾರ್ಕಿನಲ್ಲಿದ್ದು, ಅದನ್ನು ದ್ವೇಷಿಸಿ, 1926ರಲ್ಲಿ ಹುಟ್ಟೂರು ಪ್ರಾವಿಡೆನ್ಸಿಗೆ ಹಿಂತಿರುಗಿದ ಮೇಲೆ. ಮುಗಿಸಿದ್ದು 1927ರ ಆರಂಭದಲ್ಲಿ. ಅವನ ಜೀವಿತದಲ್ಲಿ ಅದು ಅಚ್ಚಾಗಲಿಲ್ಲ. 1937ರಲ್ಲಿ ತೀರಿಕೊಂಡ, ಕೃತಿ ಹೊರಬಂದದ್ದು 1943ರಲ್ಲಿ. ಅದರ ನಾಯಕ ರ‍್ಯಾಂಡಾಲ್ಫ್ ಕಾರ್ಟರ್ ಕನಸಿನಲ್ಲಿ ಕಂಡ ಸಂಜೆಗೆಂಪಿನ ನಗರವೊಂದನ್ನು ಹುಡುಕುತ್ತ, ದೇವತೆಗಳ ಮೊರೆಹೋಗಲು ಕಡಾತ್‌ನ ಕೋಟೆಯವರೆಗೂ ಹೋಗುತ್ತಾನೆ. ಕೋಟೆ ಬರಿದು. ಅವನು ಹುಡುಕುತ್ತಿದ್ದ ನಗರ ಬಾಸ್ಟನ್ನಿನಲ್ಲೂ ಸುತ್ತಲ ಊರುಗಳಲ್ಲೂ ಬಾಲ್ಯದಲ್ಲಿ ಕಂಡ ಬೀದಿ, ಮಾಡು, ಕಿಟಕಿಗಳ ನೆನಪಿನಿಂದಲೇ ಆದದ್ದೆಂದು ಅಲ್ಲಿ ತಿಳಿಯುತ್ತದೆ. ದೇವತೆಗಳು ಆ ನಗರಕ್ಕೆ ಮರುಳಾಗಿ ಅಲ್ಲೇ ಬಿಡಾರ ಹೂಡಿದ್ದರು. ಕಾಲವನ್ನು ಮೀರಿದವರೇ ಹೀಗೆ ಒಬ್ಬ ಹುಡುಗನ ಹಳೆಯ ನೆನಪಿಗೆ ವಲಸೆ ಹೋದ ಮೇಲೂ ಕಾಲವಿಲ್ಲದಿರುವುದೇ ಕನಸಿನೂರಿನ ಹೆಚ್ಚುಗಾರಿಕೆ ಎನ್ನುವ ಮಿತ್ರರು ಯಾರ ಪರವಾಗಿ ವಾದಿಸುತ್ತಿದ್ದಾರೆಂದು ವಿನಯದಿಂದಲೇ ಕೇಳಬೇಕೆನಿಸುತ್ತದೆ.