ನಾಮವೂ ರೂಪವೂ

ಲೋಕದಲ್ಲಿ ಜೀವನೋಪಾಯಗಳು ಅನೇಕ. ಹಳೆಯ ಕಾಲ್ಚೆಂಡಿನ ಆಟಗಳ ಚಲಚ್ಚಿತ್ರಗಳನ್ನು ಕಾಪಾಡಿ, ಅವುಗಳಲ್ಲಿ ಕಾಣುವವರು ಯಾರೆಂದು ಗುರುತಿಸುವುದೂ ಒಂದು ವೃತ್ತಿಯೆಂದರೆ ವಾಚಕರಲ್ಲಿ ಕೆಲವರು ನಕ್ಕಾರು. ಎಂದೋ ಮುಗಿದ ಆಟದ ಸೋಲು ಗೆಲವುಗಳಿಂದ ಈಗ ಆಗಬೇಕಾದುದೇನು ಎಂದು ಕೇಳಿಯಾರು. ಪ್ರಶ್ನೆಯು ನ್ಯಾಯವಾದುದೇ. ಉತ್ತರವಾಗಿ ಇಂಗ್ಲೆಂಡಿನ ಒಂದು ವೃತ್ತಾಂತವನ್ನು ಹೇಳುವೆನು.

ಲ್ಯಾಂಕಷೈರ್ ಪ್ರಾಂತದ ಬ್ಲ್ಯಾಕ್‌ಬರ್ನ್ ಎಂಬುದು ಆಗ ಹತ್ತಿಯ ಗಿರಣಿಗಳ ಊರಾಗಿತ್ತು. ಅಲ್ಲಿ ಸೇಗರ್ ಮಿಚೆಲ್, ಜೇಮ್ಸ್ ಕೆನ್ಯನ್ ಎಂಬಿಬ್ಬರು 1897ರ ಸುಮಾರಿಗೆ ಚಲಚ್ಚಿತ್ರಗಳನ್ನು ತೆಗೆಯಲಾರಂಭಿಸಿದರು. ಊರೂರು ತಿರುಗಿ ಜಾತ್ರೆಗಳಲ್ಲಿ ಚಿತ್ರ ತೋರಿಸುವವರು ಇವರಿಗೆ ಕೆಲಸ ಕೊಡುತ್ತಿದ್ದರು. ತಮ್ಮ ಮುಖವನ್ನು ತಾವೇ ತೆರೆಯ ಮೇಲೆ ಕಾಣಲು ಜನರು ಕಾಸು ಕೊಟ್ಟು ಬರುವರೆಂಬುದೇ ಆ ವ್ಯಾಪಾರದ ಮರ್ಮ. ಆದುದರಿಂದ ಆಟದ ಬಯಲಿನಲ್ಲಿಯೂ ಯಂತ್ರವನ್ನು ಚೆಂಡಿನ ಕಡೆಗೆ ಮಾತ್ರವಲ್ಲ, ಪ್ರೇಕ್ಷಕರ ಕಡೆಗೂ ತಿರುಗಿಸುತ್ತಿದ್ದರು.

ಕಾಲಕ್ರಮದಲ್ಲಿ ಇವೆಲ್ಲವೂ ಮರೆತುಹೋದುವು. 1994ರಲ್ಲಿ ಅದೇ ಊರಿನ ಹಳೆಯ ಅಂಗಡಿಯೊಂದರ ನೆಲಮಾಳಿಗೆಯಲ್ಲಿ ಲೋಹದ ಪೀಪಾಯಿಗಳು ದೊರೆತುವು. ಒಳಗೆ ಸುಮಾರು 800 ಸುರುಳಿಗಳಿದ್ದುವು. ಚಲಚ್ಚಿತ್ರದ ಇತಿಹಾಸದಲ್ಲಿ ಆಸಕ್ತರಾಗಿದ್ದ ಪೀಟರ್ ವರ್ಡನ್ ಎಂಬವರು ಅವು ಕಸದ ಪಾಲಾಗದಂತೆ ಉಳಿಸಿದರು. 2000ದಲ್ಲಿ ಅವು ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟನ್ನು ಸೇರಿದುವು. ಆ ಕಾಲದ ನೈಟ್ರೇಟ್ ಫಿಲ್ಮು ಬಲುಬೇಗ ಬೆಂಕಿ ಹಿಡಿಯತಕ್ಕದ್ದು. ಇಟ್ಟಲ್ಲಿಯೇ ಕೆಟ್ಟು ಪುಡಿಯಾಗತಕ್ಕದ್ದು. ಅದನ್ನು ಶೀತಲವಾದ ಕೋಣೆಯಲ್ಲಿಟ್ಟು, ಹೊಸ ಫಿಲ್ಮಿಗೆ ಪ್ರತಿ ಮಾಡಿಕೊಳ್ಳಬೇಕು.

ಇಷ್ಟರಿಂದ ರೂಪವು ಉಳಿಯಿತು. ನಾಮವನ್ನು ಹುಡುಕುವುದು ಮತ್ತೊಂದು ತಪಸ್ಸು. ಜಾತ್ರೆಯ ಪ್ರದರ್ಶಕರ ಮನೆತನದಲ್ಲಿಯೇ ಹುಟ್ಟಿದ ವನೆಸಾ ಟೂಲ್ಮಿನ್ ಎಂಬ ವಿದುಷಿಯೂ ಆಕೆಯ ಸಂಗಡಿಗರೂ ಶೆಫೀಲ್ಡ್ ವಿಶ್ವವಿದ್ಯಾನಿಲಯದಲ್ಲಿ ಆ ಕೆಲಸವನ್ನು ಕೈಗೊಂಡರು. ಇದು ಯಾವ ಊರು, ಯಾವ ದಿನ, ಯಾವ ತಂಡವೆಂದು ಹಳೆಯ ವೃತ್ತಪತ್ರಿಕೆಗಳೊಡನೆ ತಾಳೆ ನೋಡಿ ನಿರ್ಣಯಿಸಿದರು. 2005ರಲ್ಲಿ ಬಿ.ಬಿ.ಸಿ.ಯು ಈ ಚಿತ್ರಗಳನ್ನು ಪ್ರಸಾರಮಾಡಿ ಮನೆಮನೆಗೂ ಮುಟ್ಟಿಸಿತು.

1902ರ ಶೆಫೀಲ್ಡ್ ಯುನೈಟೆಡ್, ಬರಿ ತಂಡಗಳ ಆಟದ ಚಿತ್ರದಲ್ಲಿ ಗೋಲು ಕಾಯುವ ವಿಲಿಯಂ ಫೌಲ್ಕನು ತನ್ನ ಸ್ಥೂಲಕಾಯದಿಂದಲೇ ಗುರುತು ಹತ್ತುತ್ತಾನೆ. ಅವನ ಹೆಸರನ್ನು ಪತ್ರಿಕೆಗಳು ಬರೆದಿಟ್ಟಿದ್ದುವು. ಆದರೆ ಇಂತಹ ಚಿತ್ರಗಳಲ್ಲಿ ಟೋಪಿ ಧರಿಸಿ ಒತ್ತೊತ್ತಾಗಿ ನಿಂತು ನಮ್ಮತ್ತ ನೋಡುವ ನೂರಾರು ಮಂದಿ ಯಾರು? ಅವರಿಗೂ ಹೆಸರಿತ್ತು, ಮನೆಯಿತ್ತು, ಮಕ್ಕಳಿದ್ದರು. ಬರೆದಿಡುವವರು ಮಾತ್ರ ಇರಲಿಲ್ಲ. ಎಷ್ಟು ಪಾಂಡಿತ್ಯವಿದ್ದರೂ ಈಗ ಅವರೆಲ್ಲರ ಹೆಸರನ್ನು ಮರಳಿ ತರುವುದು ಅಸಾಧ್ಯ.

ಗೃಹಸ್ಥರು ಇದರಿಂದ ಗ್ರಹಿಸಬೇಕಾದುದೊಂದುಂಟು. ನಮ್ಮ ಮನೆಗಳ ಭಾವಚಿತ್ರಗಳಲ್ಲಿಯೂ ರೂಪವಿದೆ, ನಾಮವಿಲ್ಲ. ಇವರು ಯಾರೆಂದು ಹೇಳಬಲ್ಲ ಅಜ್ಜ ಅಜ್ಜಿಯರು ಇರುವಾಗಲೇ ಅವರನ್ನು ಕೇಳಿ, ಪ್ರತಿಯೊಂದು ಚಿತ್ರದ ಹಿಂಬದಿಯಲ್ಲಿ ಹೆಸರು, ಊರು, ವರ್ಷಗಳನ್ನು ಸೀಸದಕಡ್ಡಿಯಿಂದ ಮೃದುವಾಗಿ ಬರೆದಿಡಿರಿ. ವಿದ್ವಾಂಸರು ವರ್ಷಗಟ್ಟಲೆ ಶ್ರಮಿಸಿದರೂ ಮುಗಿಯದ ಕೆಲಸವನ್ನು, ಬಲ್ಲವರು ಬದುಕಿರುವಾಗ, ಒಂದು ಮಧ್ಯಾಹ್ನದಲ್ಲಿ ಮಾಡಿ ಮುಗಿಸಬಹುದು.