ಬರೆದವರು ನೀವೇನಾ?

ಹೋದ ವರ್ಷ ನಮ್ಮ ಸಂಘದ ನಾಟಕದಲ್ಲಿ ಸಭಿಕರನ್ನೆಲ್ಲ ಹೊಟ್ಟೆ ಹುಣ್ಣಾಗುವಂತೆ ನಗಿಸಿದ ಮಹಿಳೆಯೊಬ್ಬರು ಮರುವಾರ ಒಂದು ಕಥೆಯನ್ನು ತಂದು ನಮ್ಮ ಕೈಗಿತ್ತರು. ಓದಿದೆವು, ಚೆನ್ನಾಗಿತ್ತು. ಹಾಗೆಂದು ಹೇಳಿ ಸುಮ್ಮನಿರಬಹುದಿತ್ತು. ಆದರೆ ಸರಕಾರಿ ಕಚೇರಿಯಲ್ಲಿ ಪ್ರತಿಯೊಂದು ಕಾಗದದ ಕೆಳಗೂ ಸಹಿ ಯಾರದೆಂದು ಹುಡುಕಿ ಹುಡುಕಿ ಕೆಟ್ಟ ಕಣ್ಣು ನಮ್ಮದು. "ಬರೆದವರು ನೀವೇನಾ ಅಕ್ಕಾ, ಇಲ್ಲ ಯಾರಾದರೂ ಬರೆದುಕೊಟ್ಟರೋ?" ಎಂದುಬಿಟ್ಟೆವು. ಅವರು ನಕ್ಕು, ಹಾಳೆಗಳನ್ನು ಮಡಿಸಿ ಚೀಲಕ್ಕೆ ಹಾಕಿಕೊಂಡರು. ಆ ಕಥೆ ಮತ್ತೆ ನಮ್ಮತ್ತ ಸುಳಿಯಲಿಲ್ಲ.

ಇದೇ ಪ್ರಶ್ನೆ ಬೆನ್ನುಹತ್ತಿದ ಇನ್ನೊಬ್ಬಾಕೆಯ ಸಂಗತಿಯನ್ನು ಈಚೆಗೆ ಓದಿದಾಗ ನಮಗೆ ಆ ಮಡಿಸಿದ ಹಾಳೆಗಳು ನೆನಪಾದವು.

ಆಕೆ ಅಮೆರಿಕದ ಜಿಪ್ಸಿ ರೋಸ್ ಲೀ. 1911ರಲ್ಲಿ ಸಿಯಾಟಲ್‌ನಲ್ಲಿ ಹುಟ್ಟಿದವಳು. ತಾಯಿ ಇಬ್ಬರು ಹೆಣ್ಣುಮಕ್ಕಳನ್ನೂ ಎಳವೆಯಲ್ಲಿಯೇ ರಂಗಕ್ಕೆ ಹತ್ತಿಸಿ ಊರೂರು ಸುತ್ತಿಸಿದಳು. 1930ರ ದಶಕದಲ್ಲಿ ಜಿಪ್ಸಿ ನ್ಯೂಯಾರ್ಕಿನ 'ಬರ್ಲೆಸ್ಕ್' ನಾಟಕಶಾಲೆಗಳಲ್ಲಿ ಹೆಸರಾದಳು. ಹಾಡು, ಹಾಸ್ಯ, ಕುಣಿತಗಳ ನಡುವೆ ನರ್ತಕಿಯರು ಉಡುಪನ್ನು ಒಂದೊಂದಾಗಿ ಕಳಚುವ ಆಟವದು. ಮನೆಮಂದಿಯೆಲ್ಲ ಓದುವ ಪತ್ರಿಕೆಯಲ್ಲಿ ಇಷ್ಟು ಹೇಳಿದರೆ ಸಾಕು. ಈಕೆಯ ಆಟದಲ್ಲಿ ಮಾತ್ರ ಕಳಚುವುದಕ್ಕಿಂತ ಮಾತಿನ ಚಮತ್ಕಾರವೇ ಹೆಚ್ಚು.

1941ರಲ್ಲಿ ಈಕೆಯ ಪತ್ತೇದಾರಿ ಕಾದಂಬರಿ 'ದಿ ಜಿ-ಸ್ಟ್ರಿಂಗ್ ಮರ್ಡರ್ಸ್' ಹೊರಬಂತು. ನಾಟಕಶಾಲೆಯ ನಟಿಯರು ಚಂದಾ ಹಾಕಿ ತಮ್ಮ ಬಣ್ಣದ ಕೋಣೆಗೆ ಹೊಸ ಶೌಚಾಲಯ ಮಾಡಿಸಿಕೊಳ್ಳುತ್ತಾರೆ. ಅದನ್ನು ತೆರೆಯುವ ಸಡಗರದಲ್ಲಿ ನೋಡಿದರೆ, ಒಳಗೆ ಒಬ್ಬ ನರ್ತಕಿಯ ಹೆಣ! ಕುತ್ತಿಗೆಗೆ ಬಿಗಿದದ್ದು ನರ್ತಕಿಯರ ಉಡುಪಿನದೇ ಒಂದು ತುಣುಕು. ಕೊಂದವರು ಯಾರೆಂದು ಹೇಳಿದರೆ ವಾಚಕರು ನಮ್ಮನ್ನು ಕ್ಷಮಿಸರು.

ಪುಸ್ತಕ ಚೆನ್ನಾಗಿ ಖರ್ಚಾಯಿತು. 1943ರಲ್ಲಿ ಬಾರ್ಬರಾ ಸ್ಟ್ಯಾನ್ವಿಕ್ ಅಭಿನಯಿಸಿದ ಚಲನಚಿತ್ರವೂ ಆಯಿತು. ಆದರೆ ಕೆಲವರು ಒಳಗಿನ ಕೊಲೆಗಾರನನ್ನು ಬಿಟ್ಟು ಹೊರಗಿನ ಲೇಖಕರನ್ನು ಹುಡುಕಹೊರಟರು. ಕುಣಿಯುವವಳು ಬರೆದಾಳೆಯೆ? ಪತ್ತೇದಾರಿ ಕಾದಂಬರಿಗಳಿಗೆ ಹೆಸರಾಗಿದ್ದ ಕ್ರೇಗ್ ರೈಸ್ ಎಂಬಾಕೆ ಬರೆದುಕೊಟ್ಟಳೆಂದು ಗುಲ್ಲೆದ್ದಿತು. ಆ ಗುಲ್ಲು ಇಬ್ಬರೂ ತೀರಿಕೊಂಡ ಮೇಲೆಯೂ ಅಡಗಲಿಲ್ಲ.

ಸಾಕ್ಷಿ ಹೇಳುವುದೇ ಬೇರೆ. ಕಾದಂಬರಿಯ ವಿಷಯವಾಗಿ ಜಿಪ್ಸಿ ಪ್ರಕಾಶಕರೊಡನೆ ನಡೆಸಿದ ಪತ್ರವ್ಯವಹಾರ ಉಳಿದುಬಂದಿದೆ. ಬರೆದವಳು ತಾನೇ ಎಂಬುದು ಅದರಿಂದ ತಿಳಿಯುತ್ತದೆ. 1940ರಲ್ಲಿ ಆಕೆ ಬ್ರೂಕ್ಲಿನ್ನಿನ ಒಂದು ಮನೆಯಲ್ಲಿ, ಕವಿ ಆಡೆನ್ ಮೊದಲಾದವರ ನಡುವೆ, ಕೆಲಕಾಲ ಇದ್ದು ಬರೆದಳು. ಮಿತ್ರನಾದ ಸಂಪಾದಕ ಜಾರ್ಜ್ ಡೇವಿಸ್ ನೆರವಾದದ್ದೂ ನಿಜವೇ.

ನೆರವು ಪಡೆಯದ ಲೇಖಕರುಂಟೆ? ಈ ಅಂಕಣವೂ ನಮ್ಮ ಮನೆಯಾಕೆ ಓದಿ, ನಾಲ್ಕು ಸಾಲು ಹೊಡೆದುಹಾಕಿದ ಮೇಲೆಯೇ ಅಚ್ಚಿಗೆ ಹೋಗುವುದು. ಆದರೂ "ಬರೆದವರು ನೀವೇನಾ?" ಎಂದು ನಮ್ಮನ್ನು ಇದುವರೆಗೆ ಯಾರೂ ಕೇಳಿಲ್ಲ. ನಾವು ಬಿ.ಎ. ಅಲ್ಲವೆ! ಬಣ್ಣ ಹಚ್ಚಿ ನಗಿಸುವವರನ್ನು ಮಾತ್ರ ಕೇಳಬಹುದು.

ಜಿಪ್ಸಿ ವಾದಿಸುತ್ತ ಕೂಡಲಿಲ್ಲ. 1942ರಲ್ಲಿ ಎರಡನೆಯ ಕಾದಂಬರಿ, 1957ರಲ್ಲಿ ಆತ್ಮಕಥೆ ಹೊರತಂದಳು. ಆ ಆತ್ಮಕಥೆಯೇ 1959ರಲ್ಲಿ ಸಂಗೀತ ನಾಟಕವಾಗಿ ಬ್ರಾಡ್‌ವೇ ರಂಗವನ್ನೇರಿತು. 1970ರಲ್ಲಿ ಆಕೆ ತೀರಿಕೊಂಡಳು.

ಅಕ್ಕಾ, ಈ ಸಂಚಿಕೆ ನಿಮ್ಮ ಮನೆಗೂ ಬರುತ್ತದೆ. ತಪ್ಪು ನಮ್ಮದೇ. ಚೀಲದಲ್ಲಿರುವ ಆ ಕಥೆಯನ್ನು ದಯವಿಟ್ಟು ಕಳಿಸಿಕೊಡಿ. ಈ ಸಲ ಓದುತ್ತೇವೆ, ಅಷ್ಟೆ, ಸಹಿ ಹುಡುಕುವುದಿಲ್ಲ.